ಎರಡು ಕೈಯ ಮನೆ

ಜನವರಿ ೫

ಮೊದ್ದೂ,

ಲಕೋಟೆಯನ್ನು ನಿನ್ನ ಮಾಮೂಲಿ ಅಭ್ಯಾಸದಂತೆ ಹರಿದು ಬಿಸಾಡಬೇಡ. ಒಳಗೆ ಮಡಿಸಿದ ಕಾಗದದಲ್ಲಿ ಉಗುರಿನಷ್ಟು ದೊಡ್ಡ ಮೆಮೊರಿ ಕಾರ್ಡ್ ಇದೆ. ಅದನ್ನು ನಿನ್ನ ಫೋನಿಗೆ ಹಾಕು, ಆಮೇಲೆ ಮುಂದಕ್ಕೆ ಓದು.

ಕಂಡನಾ? ನಮ್ಮ ದುಪ್ಪಟಿ ವೀರ. ಅವನ ಹೆಗಲಿನಿಂದ ಹಾರುವ ಬಟ್ಟೆಯನ್ನು ನೋಡಿ, "ಅಮ್ಮನ ದುಪ್ಪಟಿ ಕದ್ಕೊಂಡು ಹೋಗ್ತಿದಾನೆ" ಎಂದು ನೀನು ಅತ್ತಿದ್ದೆ. ಡಬ್ಬಿಯ ಮೇಲಿದ್ದ ನಿಜವಾದ ಹೆಸರು ನನಗಂತೂ ಮರೆತಿದೆ.

ಅಟ್ಟ ಖಾಲಿ ಮಾಡುವಾಗ ಆ ಹಳೆಯ ವಿಡಿಯೋ ಗೇಮು ಸಿಕ್ಕಿತು, ಅಪ್ಪ ನಮ್ಮಿಬ್ಬರಿಗೂ ಸೇರಿಸಿ ತಂದುಕೊಟ್ಟ ಬೂದು ಬಣ್ಣದ್ದು. ಬ್ಯಾಟರಿ ಸೋರಿ ಒಳಗೆಲ್ಲ ಕಿಲುಬು. ಪಕ್ಕದ ಅಂಗಡಿಯ ಗಡಿಯಾರದವರಿಗೆ ತೋರಿಸಿದೆ. "ದೇಹ ಹೋಗಿದೆ ಕಣಮ್ಮ, ಜೀವ ಇನ್ನೂ ಇದೆ" ಎಂದರು. ಕ್ಯಾಸೆಟ್ಟಿನ ತಾಮ್ರದ ಹಲ್ಲುಗಳನ್ನು ರಬ್ಬರಿನಿಂದ ಉಜ್ಜಿ, ಏನೋ ಒಂದಕ್ಕೆ ಸಿಕ್ಕಿಸಿ, ಒಳಗಿದ್ದ ಆಟವನ್ನು ಕಂಪ್ಯೂಟರಿಗೆ ಇಳಿಸಿಕೊಂಡರು. ಈಗ ಫೋನಿನಲ್ಲಿ ಒಂದು ಆ್ಯಪ್ ಹಳೆಯ ಮಷೀನಿನ ವೇಷ ಹಾಕುತ್ತದೆ. ಪಾಪ, ಆಟಕ್ಕೆ ತಾನಿನ್ನೂ ಆ ಬೂದು ಡಬ್ಬಿಯಲ್ಲೇ ಇದ್ದೇನೆಂಬ ನಂಬಿಕೆ. ಆ ಆ್ಯಪಿಗೆ ನಾನು ವೇಷಗಾರ ಎಂದು ಹೆಸರಿಟ್ಟಿದ್ದೇನೆ.

ನಿನ್ನ ಗಣಿಯಲ್ಲಿ ಸಿಗ್ನಲ್ ಇಲ್ಲ, ಟಪಾಲು ಮಾತ್ರ ಬರುತ್ತದೆ ಎನ್ನುವುದು ಗೊತ್ತು. ಹಾಗಾಗಿ ಆಟವೂ ಟಪಾಲಿನಲ್ಲೇ ಬರಲಿ. ನಾನು ಒಂದೆರಡು ಮನೆ (ಲೆವೆಲ್ಲಿಗೆ ನಾವಿಟ್ಟ ಹೆಸರು ಅದೇ ತಾನೇ) ದಾಟಿ ಉಳಿಸಿ ಕಳಿಸುತ್ತೇನೆ. ನೀನು ಅಲ್ಲಿಂದ ಮುಂದಕ್ಕೆ ಆಡಿ ಉಳಿಸಿ ವಾಪಸು ಕಳಿಸು. ಹತ್ತು ಮನೆ ಮುಗಿಸೋಣ. ಚಿಕ್ಕಂದಿನಲ್ಲಿ ಒಂದು ಸಲವೂ ಮುಗಿಸಲಿಲ್ಲ.

ಎರಡು ವರ್ಷ ನಾನೂ ಬರೆಯಲಿಲ್ಲ, ನೀನೂ ಬರೆಯಲಿಲ್ಲ. ಅಮ್ಮ ಹೋದ ನಾಲ್ಕನೇ ದಿನ ಬಾಗಿಲಿಗೆ ಬಂದವನಿಗೆ ನಾನು ಅಂದ ಮಾತು ನನಗೆ ಇವತ್ತಿಗೂ ನೆನಪಿದೆ. ನೀನು ಮನೆಯ ಕೀಲಿಕೈಯನ್ನು ನನ್ನ ಕಾಲ ಬಳಿ ಎಸೆದು ಹೋದದ್ದೂ ನೆನಪಿದೆ. ಚಪ್ಪಾಳೆಗೆ ಎರಡು ಕೈ ಬೇಕು. ನನ್ನ ಪಾಲಿನದನ್ನು ನಾನು ಒಪ್ಪಿಕೊಂಡೆ. ಇನ್ನು ಆ ವಿಷಯ ಬೇಡ. ಆಟ ಆಡು.

ಅಂಗಡಿ ಚೆನ್ನಾಗಿದೆ. ಜನ ಬಾಗಿಲು ಹಾಕಿಕೊಂಡು ಕೀಲಿ ಒಳಗೇ ಬಿಡುವುದನ್ನು ನಿಲ್ಲಿಸುವವರೆಗೆ ಕೀಲಿ ಮಾಡಿಕೊಡುವ ನನಗೆ ಯೋಚನೆಯಿಲ್ಲ.

ಅಕ್ಕ


ಜನವರಿ ೨೬

ಅಕ್ಕಾ,

ಲಕೋಟೆ ನೋಡಿ ಮೊದಲು ಹೆದರಿದೆ. ಯಾರೋ ಹೋದರು ಎಂದುಕೊಂಡೆ, ಆಮೇಲೆ ಹೋಗಲಿಕ್ಕೆ ನಮಗೆ ಇನ್ನು ಯಾರಿದ್ದಾರೆ ಎಂದು ನೆನಪಾಯಿತು.

ಇಲ್ಲಿ ನಾವು ಎಂಟು ಜನ ಒಂದು ತಗಡಿನ ಕೋಣೆಯಲ್ಲಿದ್ದೇವೆ. ಶನಿವಾರ ಶನಿವಾರ ಸಾಮಾನಿನ ಗಾಡಿ ಬರುತ್ತದೆ. ಟಪಾಲು, ತರಕಾರಿ, ಬದಲಿ ಆಳುಗಳು, ಎಲ್ಲ ಅದರಲ್ಲೇ. ಫೋನನ್ನು ನಾವು ಟಾರ್ಚಿಗೂ ಗಡಿಯಾರಕ್ಕೂ ಬಳಸುತ್ತೇವೆ. ನನ್ನ ಫೋನಿನಲ್ಲಿ ದುಪ್ಪಟಿ ಹಾರಿದಾಗ ಉಳಿದ ಏಳು ಮಂಚದವರೂ ಎದ್ದು ಬಂದು ಬಗ್ಗಿ ನೋಡಿದರು. ಬಣ್ಣ ಬಹಳ ಹೊಳೆಯುತ್ತಿತ್ತು, ನಮ್ಮ ದುಪ್ಪಟಿಯಂತೆ ಕಾಣಲೇ ಇಲ್ಲ. ಹುಡುಕಿ ಹುಡುಕಿ ಹಳೆಯ ಪರದೆ ಎನ್ನುವ ಸೆಟ್ಟಿಂಗು ಹಾಕಿದೆ. ಪಾಚಿ ಹಸಿರಾಯಿತು. ಆಗ ಸಮಾಧಾನವಾಯಿತು.

ಒಂದು ದೂರು ಇದೆ. ನೀನು ಕಳ್ಳಾಟ ಆಡುತ್ತಿದ್ದೀಯ. ಆಟದಲ್ಲಿ ಮನೆಯ ತುದಿಯ ಮಾಳಿಗೆ ತಲುಪಿದಾಗ ಮಾತ್ರ ಉಳಿಸಬೇಕು, ಅದು ನಿಯಮ. ವೇಷಗಾರನಿಗೆ ಎಲ್ಲಿ ಬೇಕಾದರೂ ಆಟವನ್ನು ಹಾಗೇ ನಿಲ್ಲಿಸಿ ಉಳಿಸುವ ವಿದ್ಯೆ ಗೊತ್ತಿದೆ, ನಿಜ, ಆದರೆ ಅದನ್ನು ಬಳಸಿದರೆ ಆಟ ಆಡಿ ಏನು ಬಂತು? ನೀನು ಬೀಳುವ ಅರ್ಧ ದಾರಿಯಲ್ಲೆಲ್ಲ ಉಳಿಸಿದ್ದೀಯ. ಕುಣಿಯಲಾರದವಳು ನೆಲ ಡೊಂಕು ಎಂದಳಂತೆ. ನೀನು ನೆಲವನ್ನೇ ನಿಲ್ಲಿಸಿಬಿಟ್ಟಿದ್ದೀಯ.

ನಾನು ಗಟ್ಟಿಯಾಗಿದ್ದೇನೆ. ಈ ವರ್ಷದ ತಪಾಸಣೆಯಲ್ಲೂ ಪಾಸು. ಡಾಕ್ಟರು ಕಣ್ಣು, ಕಿವಿ, ಎದೆ ಎಲ್ಲ ನೋಡಿ "ನೀನು ಪೂರ್ತಿ ಇದ್ದೀಯ, ಹೋಗು" ಎಂದರು. ಪೂರ್ತಿ ಇದ್ದವರನ್ನು ಮಾತ್ರ ಒಳಗೆ ಇಳಿಸುತ್ತಾರೆ.

ನಾಲ್ಕನೇ ಮನೆ ಮುಗಿಸಿ ಕಳಿಸಿದ್ದೇನೆ. ಮಾಳಿಗೆಯಲ್ಲಿ ಉಳಿಸಿದ್ದು, ನೋಡಿ ಕಲಿ.

ಮೊದ್ದು


ಮಾರ್ಚ್ ೨

ಮೊದ್ದೂ,

ಕಳ್ಳಾಟವೆಂದೇ ಇಟ್ಟುಕೋ. ಆಡುವಾಗ ಯಾರೋ ಬರುತ್ತಾರೆ, ಏನೋ ಕೂಗುತ್ತದೆ, ಫಕ್ಕನೆ ನಿಲ್ಲಿಸಬೇಕಾಗುತ್ತದೆ. ಅಂಗಡಿ ಎಂದಮೇಲೆ ಹಾಗೇ ಅಲ್ಲವೇ. ದುಪ್ಪಟಿ ಮಾಳಿಗೆ ತಲುಪಲಿ ಎಂದು ಗಿರಾಕಿಯನ್ನು ಕಾಯಿಸಲಾಗುತ್ತದೆಯೇ?

ಐದು, ಆರು ದಾಟಿದ್ದೇನೆ. ಏಳನೇ ಮನೆಯ ಬಾಗಿಲಿಗೆ ತಂದು ನಿಲ್ಲಿಸಿದ್ದೇನೆ. ಏಳು ನಿನಗೆ.

ನೆನಪಿದೆಯಾ ಏಳು? ಮುರಿದ ಸೇತುವೆ, ದುಪ್ಪಟಿಯ ಹೆಗಲ ಮೇಲೆ ಅಜ್ಜಿ. ಎಡಗಡೆಯ ಬಟನ್ ಒತ್ತಿ ಹಿಡಿದೇ ಇರಬೇಕು, ಬಿಟ್ಟರೆ ಅಜ್ಜಿ ನದಿಗೆ. ಹಾರುವುದಕ್ಕೆ ಬಲಗಡೆಯದು. ನಿನ್ನ ಬೆರಳು ಪುಟ್ಟವು, ಎರಡೂ ಕಡೆ ಎಟುಕುತ್ತಿರಲಿಲ್ಲ. ಕಿಟಕಿಯ ಬೆಳಕಿಗೆ ತಲೆಗೆ ತಲೆ ತಾಗಿಸಿಕೊಂಡು ಒಂದೇ ಮಷೀನನ್ನು ಇಬ್ಬರೂ ಹಿಡಿಯುತ್ತಿದ್ದೆವು. "ಹಿಡ್ಕೊಂಡಿದೀನಿ, ನೀನು ಹಾರು" ಎನ್ನುತ್ತಿದ್ದೆ ನಾನು. ಅಮ್ಮ ಅಡಿಗೆಮನೆಯಿಂದ "ಯಾರನ್ನ ಹಿಡ್ಕೊಂಡಿದೀಯೇ?" ಎಂದು ಕೂಗುತ್ತಿದ್ದಳು.

ಅದಕ್ಕೆ ಎರಡು ಕೈ ಬೇಕು. ನನಗೆ ಈಗ ಅಷ್ಟು ಚುರುಕಿಲ್ಲ, ವಯಸ್ಸಾಯಿತು ಎಂದುಕೋ. ಇನ್ನುಮೇಲೆ ಒಂದು ಕೈಯಲ್ಲಿ ಆಗುವ ಮನೆ ನನ್ನದು, ಎರಡು ಕೈಯ ಮನೆ ನಿನ್ನದು. ಮಾತಾಯಿತಾ?

ಅಂಗಡಿ ಚೆನ್ನಾಗಿದೆ.

ಅಕ್ಕ


ಮಾರ್ಚ್ ೨೦

ಅಕ್ಕಾ,

ಏಳನೇ ಮನೆ ದಾಟಿದೆವು. ಅಜ್ಜಿ ಕ್ಷೇಮ. ಹನ್ನೊಂದು ಸಲ ನದಿಗೆ ಬಿದ್ದಳು, ಹನ್ನೆರಡನೇ ಸಲಕ್ಕೆ ಆಚೆ ದಡ. ಎಂಟು ಮಂಚದವರೂ ಕೂಗಿದ್ದಕ್ಕೆ ಮೇಲ್ವಿಚಾರಕರು ಓಡಿ ಬಂದು "ಏನ್ರೋ, ಗಣಿ ಕುಸೀತಾ?" ಎಂದು ಬೈದರು.

ಈಗ ನಿನ್ನ ವಿಚಾರಣೆ. ಒಂದು: ಬಟನ್‌ಗಳನ್ನೆಲ್ಲ ಪರದೆಯ ಬಲಮೂಲೆಯಲ್ಲಿ ಗುಡ್ಡೆ ಹಾಕಿದ್ದು ಯಾಕೆ? ಸಂತೆಯಲ್ಲಿ ಈರುಳ್ಳಿ ಸುರಿದ ಹಾಗಿದೆ. ಎಲ್ಲ ಮೊದಲಿನಂತೆ ಜೋಡಿಸಲು ನನಗೆ ಅರ್ಧ ಗಂಟೆ ಹಿಡಿಯಿತು. ಎರಡು: ವೇಷಗಾರ ಒಟ್ಟು ಆಡಿದ ಗಂಟೆಯ ಲೆಕ್ಕ ಇಡುತ್ತಾನೆ, ಗೊತ್ತಾ? ಒಂದು ತಿಂಗಳೂ ಪೂರ್ತಿ ಇಲ್ಲ, ನಲವತ್ತು ಗಂಟೆ ಆಡಿದ್ದೀಯ. ನಲವತ್ತು ಗಂಟೆಗೆ ಎರಡು ಮನೆ. ಬಸವನಹುಳು ನೋಡಿದರೆ ನಗುತ್ತದೆ.

ಆದರೆ ಖುಷಿಯಾಯಿತು. ಅಂಗಡಿಗೆ ಆಳು ಇಟ್ಟಿರಬೇಕು ನೀನು, ಇಲ್ಲದಿದ್ದರೆ ಇಷ್ಟು ಬಿಡುವು ಎಲ್ಲಿಂದ. ನೀನೊಬ್ಬಳೇ ಆ ಯಂತ್ರದ ಮುಂದೆ ಬಗ್ಗಿ ಬೆನ್ನು ಮುರಿದುಕೊಳ್ಳುತ್ತಿದ್ದೀಯ ಎಂದು ನನಗೆ ಒಂದು ಚಿಂತೆಯಿತ್ತು. ಈಗ ಅದು ಹೋಯಿತು. ನಾನು ಬರದಿದ್ದರೂ ಅಲ್ಲಿ ಏನೂ ನಿಲ್ಲುವುದಿಲ್ಲ.

ನನ್ನ ಯೋಚನೆ ನಿನಗೆ ಬೇಡ. ಇಲ್ಲಿ ನನಗೆ ಎಡಗೈ ಇದ್ದ ಹಾಗೆ ಒಬ್ಬರು ಇದ್ದಾರೆ. ಊಟಕ್ಕೆ ಕೂತರೂ ಪಕ್ಕದಲ್ಲಿರುತ್ತಾರೆ. ಏಳನೇ ಮನೆ ದಾಟಿದ್ದೂ ಅವರಿಂದಲೇ.

ಮೊದ್ದು


ಏಪ್ರಿಲ್ ೪

ಮೊದ್ದೂ,

"ದಾಟಿದೆವು." ನಾನು ಆ ಒಂದು ಪದವನ್ನು ಹತ್ತು ಸಲ ಓದಿದೆ. ಚಿಕ್ಕಂದಿನಲ್ಲಿ ನಿನ್ನದು ಯಾವಾಗಲೂ "ದಾಟಿದೆ, ಗೆದ್ದೆ, ಅಕ್ಕ ಸೋತಳು". ಯಾರಪ್ಪಾ ಈ "ಎವು"?

ಬಲಗೈ ಇದ್ದ ಹಾಗೆ ಅನ್ನುತ್ತಾರೆ ಕಣೋ ಮೊದ್ದೂ, ಎಡಗೈ ಅಲ್ಲ. ಇಷ್ಟು ದಿನ ಗಣಿಯಲ್ಲಿದ್ದು ಎಡ ಬಲ ಮರೆತಿದ್ದೀಯ. ಆದರೂ ಅರ್ಥವಾಯಿತು. ಊಟಕ್ಕೆ ಪಕ್ಕದಲ್ಲಿ ಕೂರುವವರು, ನಿನ್ನ ಬೆರಳಿನ ಜೊತೆ ಬೆರಳಿಟ್ಟು ಆಡುವವರು. ಕ್ಯಾಂಪಿನ ಅಡಿಗೆಮನೆಯವಳಾ, ಆಫೀಸಿನವಳಾ? ಯಾರ ಕೈಯನ್ನಾದರೂ ಹಿಡಿ, ಗಟ್ಟಿಯಾಗಿ ಹಿಡಿ. ನನ್ನಿಂದಾಗಿ ನಿನಗೆ ಮನೆ ಎನ್ನುವುದು ಇಲ್ಲವಾಯಿತು ಎಂಬ ಕೊರಗು ನನಗಿತ್ತು. ಗಡಿಯಾರದವರಿಗೆ ಓದಿ ತೋರಿಸಿದೆ. ಅವರು ಕನ್ನಡಕ ತೆಗೆದು ಒರೆಸಿಕೊಂಡರು. ಅವರಿಗೆ ನನ್ನ ಮೇಲೆ ಬೇರೆ ಏನೋ ಸಿಟ್ಟು.

ಒಂದು ಸುಮ್ಮನೆ ಕೇಳುವ ಮಾತು. ನಿಮ್ಮ ಆ ತಪಾಸಣೆ ಎಂದೆಯಲ್ಲ, ಮೈಯ ಒಳಗಿನದ್ದನ್ನೂ ನೋಡುತ್ತಾರಾ? ಸ್ಕ್ಯಾನು ಗೀನು? ಒಬ್ಬನಿಗೆ ಹಿಂದೆ ಯಾವಾಗಲೋ ಆಪರೇಷನ್ ಆಗಿದ್ದರೆ ಅವನನ್ನು ಕೆಲಸಕ್ಕೆ ಇಟ್ಟುಕೊಳ್ಳುತ್ತಾರಾ? ಅಂಗಡಿಗೆ ಬಂದ ಒಬ್ಬರು ತಮ್ಮ ಮಗನನ್ನು ಗಣಿಗೆ ಕಳಿಸಬೇಕು ಎನ್ನುತ್ತಿದ್ದರು, ಅದಕ್ಕೆ ಕೇಳಿದೆ.

ಬಟನ್‌ಗಳನ್ನು ನಾನು ಮತ್ತೆ ಗುಡ್ಡೆ ಹಾಕಿಕೊಂಡಿದ್ದೇನೆ. ನನಗೆ ಈರುಳ್ಳಿಯೇ ಸರಿ.

ಅಕ್ಕ


ಏಪ್ರಿಲ್ ೧೮

ಅಕ್ಕಾ,

ಅವರ ಮಗನಿಗೆ ಬೇಡ ಎಂದು ಹೇಳು. ಇಲ್ಲಿ ಒಂದು ಹಲ್ಲು ಕಡಿಮೆಯಿದ್ದರೂ ಎರಡು ಸಲ ನೋಡುತ್ತಾರೆ. ಸ್ಕ್ಯಾನೂ ಇದೆ, ಗೀನೂ ಇದೆ. ಆಪರೇಷನ್ ಆದವನನ್ನು ಗೇಟಿನಿಂದಲೇ ವಾಪಸು ಕಳಿಸುತ್ತಾರೆ. ನನ್ನದು ದೇವರ ದಯೆ, ಎರಡೆರಡು ಇರಬೇಕಾದದ್ದೆಲ್ಲ ಎರಡೆರಡು ಇದೆ. ಈ ಕೆಲಸ ಬಿಟ್ಟರೆ ನಾನು ಯಾತಕ್ಕೂ ಬಾರದವನು ಎನ್ನುವುದು ನಿನಗೇ ಗೊತ್ತು. ಹಾಗಾಗಿ ಮೈಯನ್ನು ಜೋಪಾನವಾಗಿ ಇಟ್ಟುಕೊಂಡಿದ್ದೇನೆ.

"ಎವು" ಯಾರು ಎಂದು ಈಗಲೇ ಕೇಳಬೇಡ. ನೀನು ಅಂದುಕೊಂಡ ಹಾಗೇ ಇಟ್ಟುಕೋ. ಕೈ ಹಿಡಿದದ್ದಂತೂ ನಿಜ.

ಎಂಟು, ಒಂಬತ್ತು ಮುಗಿದವು. ಇನ್ನು ಒಂದೇ ಮನೆ. ಅದನ್ನು ನೀನು ಮುಗಿಸು. ದೊಡ್ಡವಳು ನೀನು.

ಮೊದ್ದು


ಮೇ ೫

ಮೊದ್ದೂ,

ಅಕ್ಷರ ಸೊಟ್ಟಗಿದ್ದರೆ ನಗಬೇಡ. ಸ್ವಲ್ಪ ಜ್ವರ.

ಕೊನೆಯ ಮನೆಯಲ್ಲೂ ಅಜ್ಜಿ ಇದ್ದಾಳೆ ಕಣೋ. ನಮಗೆ ಗೊತ್ತೇ ಇರಲಿಲ್ಲ. ಎತ್ತರದ ಗೋಪುರ, ಮತ್ತೆ ಅದೇ ಹೆಗಲು, ಅದೇ ಹಿಡಿಯುವ ಬಟನ್. ಒಂದೇ ಕೈಯಲ್ಲಿ ಬಹಳ ಪ್ರಯತ್ನಪಟ್ಟೆ. ಹೆಬ್ಬೆರಳಿನಲ್ಲಿ ಒಂದನ್ನು ಒತ್ತಿ ಕಿರುಬೆರಳಿನಲ್ಲಿ ಇನ್ನೊಂದನ್ನು ತಲುಪಲು ನೋಡಿದೆ. ಅರ್ಧ ಗೋಪುರ ಹತ್ತಿದ್ದೇನೆ. ಅಲ್ಲಿಯೇ, ನೇತಾಡುತ್ತಿರುವ ಹಾಗೆಯೇ ಉಳಿಸಿದ್ದೇನೆ. ಕಳ್ಳಾಟ, ಬಯ್ಯಿ.

ಆತುರವಿಲ್ಲ. ನಿನಗೂ ನಿನ್ನವರಿಗೂ ಬಿಡುವಾದಾಗ ಇಬ್ಬರೂ ಕೂತು ದಾಟಿಸಿ.

ಲಕೋಟೆಯಲ್ಲಿ ಇನ್ನೊಂದು ವಸ್ತು ಇದೆ. ನೀನು ಎಸೆದು ಹೋದ ಕೀಲಿಕೈಯ ಬದಲಿಗೆ ಹೊಸದು ಮಾಡಿದ್ದೇನೆ. ಮನೆಗೂ ಅಂಗಡಿಯ ಷಟರಿಗೂ ಅದೊಂದೇ ಆಗುವ ಹಾಗೆ ಬೀಗ ಬದಲಿಸಿದ್ದೇನೆ. ಮೊದಲಿನ ಎರಡು ಕೆಟ್ಟವು, ಮೂರನೆಯದು ನೆಟ್ಟಗೆ ಬಂತು. ಊರಿನವರಿಗೆಲ್ಲ ಕೈ ಮಾಡಿಕೊಟ್ಟೆ, ನನ್ನ ತಮ್ಮನಿಗೇ ಇರಲಿಲ್ಲ. ಅವಳನ್ನು ಕರೆದುಕೊಂಡು ಬಂದಾಗ ಬಾಗಿಲು ತಟ್ಟಿ ಕಾಯಬೇಡ, ನೀವೇ ತೆಗೆದುಕೊಂಡು ಒಳಗೆ ಬನ್ನಿ.

ಅಂದು ನಾನು ಹಾಗೆ ಅನ್ನಬಾರದಿತ್ತು.

ಅಕ್ಕ


ಮೇ ೧೬

ಅಕ್ಕಾ,

ಇದನ್ನು ಕೂತು ಓದು.

ನಿನ್ನೆ ನಿನ್ನ ಕಾರ್ಡ್ ಹಾಕಿದೆ. ಗೋಪುರದಲ್ಲಿ ನೇತಾಡುವ ದುಪ್ಪಟಿಯನ್ನು ಹುಡುಕುವಾಗ ನೀನು ಉಳಿಸಿದ ಹಳೆಯದೆಲ್ಲ ಸಾಲಾಗಿ ಬಂತು. ಒಂದೊಂದಕ್ಕೂ ಪುಟ್ಟ ಚಿತ್ರ, ಕೆಳಗೆ ದಿನ, ವೇಳೆ. ನನ್ನ ಪಕ್ಕದಲ್ಲಿ ಕಾಂಪೌಂಡರ್ ಕೂತಿದ್ದರು. ನಮ್ಮ ಕ್ಯಾಂಪಿನಲ್ಲಿ ಗಾಯಕ್ಕೆ ಪಟ್ಟಿ ಕಟ್ಟುವವರು, ಅರವತ್ತು ದಾಟಿದ ಮನುಷ್ಯ, ಇಲ್ಲಿಗೆ ಬರುವ ಮೊದಲು ದೊಡ್ಡ ಆಸ್ಪತ್ರೆಯಲ್ಲಿದ್ದವರು. ಅವರು ಬೆರಳಿನಿಂದ ಸಾಲನ್ನು ಕೆಳಗೆ ಎಳೆದರು, ಮೇಲೆ ಎಳೆದರು, ಮತ್ತೆ ಕೆಳಗೆ.

"ನಿಮ್ಮಕ್ಕ ಸೋಮವಾರ, ಬುಧವಾರ, ಶುಕ್ರವಾರ ಬಿಟ್ರೆ ಆಡೋದೇ ಇಲ್ವಾ?" ಎಂದರು.

"ಅಂಗಡಿಗೆ ಆಳು ಇದಾನೆ, ಆಗ ಬಿಡುವು" ಎಂದೆ.

"ಬೆಳಗ್ಗೆ ಏಳರಿಂದ ಹನ್ನೊಂದು. ಜನವರಿಯಿಂದ ಕಾರ್ಡ್ ಅವರ ಹತ್ರ ಇದ್ದಾಗ ಒಂದು ದಿನ ತಪ್ಪಿಲ್ಲ. ಬಟನ್ ಎಲ್ಲ ಬಲಕ್ಕೆ. ಎಡಗೈ ಅಲ್ಲಾಡಿಸೋ ಹಾಗಿಲ್ಲ ಅವರಿಗೆ." ಫೋನನ್ನು ನನ್ನ ಕೈಗೆ ಕೊಟ್ಟು ಹೇಳಿದರು: "ಅದು ಡಯಾಲಿಸಿಸ್ ಕಣಪ್ಪ. ಎಡ ತೋಳಿಗೆ ಸೂಜಿ ಹಾಕಿರ್ತಾರೆ. ನಾಲ್ಕು ಗಂಟೆ ಮಲಗಿರಬೇಕು. ಮಷೀನು ಕೂಗಿದಾಗ ನರ್ಸ್ ಬರ್ತಾರೆ, ಆಗ ಆಟ ನಿಲ್ಲಿಸ್ತಾರೆ."

ನಲವತ್ತು ಗಂಟೆ ಎಂದು ನಕ್ಕೆನಲ್ಲ ಅಕ್ಕಾ. ಬಸವನಹುಳು ಎಂದೆನಲ್ಲ.

ಇವತ್ತು ಬೆಳಗ್ಗೆ ಸಾಹೇಬರ ಕಾಲು ಹಿಡಿದು ಆಫೀಸಿನ ಫೋನಿನಿಂದ ಮಾಡಿದೆ. ರಿಂಗಾಯಿತು, ಯಾರೂ ಎತ್ತಲಿಲ್ಲ. ಆಮೇಲೆ ಹೊಳೆಯಿತು, ಇವತ್ತು ಶುಕ್ರವಾರ.

ಈಗ ನನ್ನದು ಕೇಳು. ನಾನು ಪೂರ್ತಿ ಇಲ್ಲ. ಹೋದ ನವೆಂಬರಿನಲ್ಲಿ ಕಲ್ಲು ಸಾಗಿಸುವ ಬೆಲ್ಟಿಗೆ ಎಡಗೈ ಸಿಕ್ಕಿತು. ಮಣಿಕಟ್ಟಿನಿಂದ ಕೆಳಗೆ ಏನೂ ಉಳಿಯಲಿಲ್ಲ. ತಪಾಸಣೆ ಪಾಸು ಎಂದದ್ದು ಸುಳ್ಳು, ನಾನು ಒಳಗೆ ಇಳಿದೇ ಆರು ತಿಂಗಳಾಯಿತು. ಗೇಟಿನಲ್ಲಿ ಗಾಡಿಗಳ ನಂಬರು ಬರೆಯಲು ಕೂರಿಸಿದ್ದಾರೆ. ನನ್ನ ಎಡಗೈ ಇದ್ದ ಹಾಗೆ ಎಂದದ್ದು ಈ ಕಾಂಪೌಂಡರನ್ನೇ. ಏಳನೇ ಮನೆಯಲ್ಲಿ ಅಜ್ಜಿಯನ್ನು ಹಿಡಿದುಕೊಂಡದ್ದು ಅವರ ಬೆರಳು, ಹಾರಿದ್ದು ನನ್ನದು. ಹೆಣ್ಣೂ ಇಲ್ಲ, ಗಿಣ್ಣೂ ಇಲ್ಲ.

ಯಾಕೆ ಹೇಳಲಿಲ್ಲ ಎಂದರೆ, ಅಂದು ಬಾಗಿಲಿನಲ್ಲಿ ನೀನು ಅಂದೆಯಲ್ಲ, "ಎರಡು ಕೈ ಇದ್ದೂ ಅಮ್ಮನಿಗೆ ಒಂದು ಲೋಟ ನೀರು ಕೊಡಲಿಲ್ಲ ನೀನು" ಎಂದು. ಎರಡು ಇದ್ದಾಗ ಬರದವನು ಒಂದನ್ನು ಇಟ್ಟುಕೊಂಡು ಯಾವ ಮುಖ ಹೊತ್ತು ಬರಲಿ? ಕೀಲಿ ಮಾಡುವ ಕೆಲಸಕ್ಕೂ ಎರಡು ಕೈ ಬೇಕು. ನಿನಗೆ ಕೂತು ಉಣ್ಣುವ ಇನ್ನೊಂದು ಬಾಯಿ ಆಗುತ್ತಿದ್ದೆ ಅಷ್ಟೇ.

ಆದರೆ ನೀನು ತಪಾಸಣೆಯ ವಿಷಯ ಯಾಕೆ ಕೇಳಿದೆ ಎಂದು ಈಗ ಅರ್ಥವಾಯಿತು. ಯಾರ ಮಗನೂ ಗಣಿಗೆ ಬರುತ್ತಿರಲಿಲ್ಲ. ಕಿಡ್ನಿ ಕೊಟ್ಟರೆ ನನ್ನ ಕೆಲಸ ಹೋಗುತ್ತದೆಯೇ ಎಂದು ನೀನು ಕೇಳಿದ್ದು. ಅದಕ್ಕೆ ನಾನು ಕೊಟ್ಟ ಉತ್ತರ ನೆನೆದರೆ ನನ್ನ ನಾಲಿಗೆಯನ್ನು ಕಿತ್ತು ಬಿಸಾಡಬೇಕು ಅನಿಸುತ್ತದೆ. ಹೋಗಲು ನನಗೆ ಯಾವ ಕೆಲಸವೂ ಉಳಿದಿಲ್ಲ ಅಕ್ಕಾ. ಕೈ ಒಂದೇ, ಅದು ಬಿಟ್ಟರೆ ಒಳಗಿನದೆಲ್ಲ ಎರಡೆರಡು ಇದೆ, ಅಷ್ಟು ಮಾತು ನಿಜ. ಒಂದು ನಿನ್ನದು. ಕಾಂಪೌಂಡರ್ ಹೇಳುತ್ತಾರೆ, ಒಡಹುಟ್ಟಿದವರದು ಹೊಂದುವ ಸಂಭವ ಹೆಚ್ಚು ಎಂದು.

ನಾಳೆ ಶನಿವಾರ, ಈ ಪತ್ರ ಗಾಡಿಯಲ್ಲಿ ಹೊರಡುತ್ತದೆ. ಗೇಟಿಗೆ ಬದಲಿ ಆಳು ಬಂದ ಕೂಡಲೇ ಹಿಂದೆಯೇ ನಾನು. ಜ್ವರ ಎಂದಿದ್ದೀಯ. ಜ್ವರವನ್ನು ಅಲಕ್ಷ್ಯ ಮಾಡಬಾರದು ಎಂದು ಕಾಂಪೌಂಡರ್ ಎರಡು ಸಲ ಹೇಳಿದರು. ಡಾಕ್ಟರಿಗೆ ತೋರಿಸು.

ಗೋಪುರದಲ್ಲಿ ನೇತಾಡುವವನನ್ನು ನಾನೂ ಕಾಂಪೌಂಡರೂ ಮುಟ್ಟುವುದಿಲ್ಲ. ಅದನ್ನು ನಾವಿಬ್ಬರೇ ಆಡೋಣ. ನಿನ್ನದೊಂದು ಕೈ, ನನ್ನದೊಂದು ಕೈ. ನೀನು ಹಿಡ್ಕೋ.

ಮೊದ್ದು


ಜೂನ್ ೮

ಅಕ್ಕಾ,

ಅಂಗಡಿಯ ಮೇಜಿನ ಮೇಲೆ ಕೂತು ಬರೆಯುತ್ತಿದ್ದೇನೆ. ಅಂಚೆಗೆ ಹಾಕುವ ಪತ್ರವಲ್ಲ ಇದು. ನಿನ್ನ ಸರದಿಯ ನಂತರ ನನ್ನ ಸರದಿ ಎನ್ನುವುದು ಕೈಗೆ ರೂಢಿಯಾಗಿಬಿಟ್ಟಿದೆ.

ನೀನು ಮೇ ೨೨ರಂದು ಹೋದೆ. ಮರುದಿನ ಗಡಿಯಾರದವರು ಎಲ್ಲಿಂದಲೋ ಕ್ಯಾಂಪಿನ ನಂಬರು ಹುಡುಕಿ ಆಫೀಸಿಗೆ ಫೋನು ಮಾಡಿದರು. ನಾನು ಬಂದು ತಲುಪಿದ್ದು ೨೭ಕ್ಕೆ. ಅಮ್ಮನಿಗೆ ನಾಲ್ಕನೇ ದಿನ, ನಿನಗೆ ಐದನೇ ದಿನ. ಈ ಸಲ ಬಾಗಿಲಿನಲ್ಲಿ ಬಯ್ಯಲು ಯಾರೂ ಇರಲಿಲ್ಲ. ನೀನು ಕಳಿಸಿದ ಕೈ ಒಂದೇ ತಿರುವಿಗೆ ಬೀಗ ತೆಗೆಯಿತು. ಎಷ್ಟು ನುಣ್ಣಗೆ ಅರ ಹಾಕಿದ್ದೀಯ ಎಂದು ಅಲ್ಲೇ ಹೊಸ್ತಿಲಲ್ಲಿ ನಿಂತು ಬೆರಳಾಡಿಸಿ ನೋಡಿದೆ. ಆಮೇಲೆ ಅತ್ತೆ.

ಸೂಜಿ ಹಾಕುವ ಜಾಗದಲ್ಲಿ ಕೀವು ಕಟ್ಟಿ ವಿಷ ರಕ್ತಕ್ಕೆ ಏರಿತಂತೆ. ನಾನು ಫೋನು ಮಾಡಿದ ಶುಕ್ರವಾರ ನಿನ್ನನ್ನು ಮಷೀನಿನಿಂದ ಮನೆಗೆ ಬಿಡದೆ ವಾರ್ಡಿಗೆ ಸೇರಿಸಿಕೊಂಡಿದ್ದರು. ಆಮೇಲೂ ಮೂರು ದಿನ ಮಾಡಿದೆ. ಆಟದ ಕಾರ್ಡ್ ನನ್ನ ಬಳಿ ಇದ್ದುದರಿಂದಲೋ ಏನೋ ನೀನು ಬಿಟ್ಟು ಹೋಗಿದ್ದ ಫೋನು ಈ ಮೇಜಿನ ಡ್ರಾಯರಿನಲ್ಲಿ ರಿಂಗಾಗಿ ರಿಂಗಾಗಿ ಚಾರ್ಜು ಮುಗಿದು ಸತ್ತಿತ್ತು.

ಒಂದು ವಿಷಯವನ್ನು ನಿನಗೆ ಹೇಳಲೇಬೇಕು. ೧೭ನೇ ತಾರೀಕಿನ ಗಾಡಿಯಲ್ಲಿ ಸೀಟು ಖಾಲಿಯಿತ್ತು. ಬದಲಿ ಆಳು ಎನ್ನುವುದು ನೆಪ. ಕಾಂಪೌಂಡರ್ ತಾವೇ ಗೇಟಿನಲ್ಲಿ ಕೂರುತ್ತೇನೆ ಎಂದಿದ್ದರು. ಹತ್ತಲಿಕ್ಕೆ ಹೋಗಿ ಇಳಿದೆ. ನಿನ್ನೆದುರು ಈ ಮೋಟು ತೋಳು ತೋರಿಸುವ ಧೈರ್ಯವಾಗದೆ ಪತ್ರವನ್ನು ಮುಂದೆ ಕಳಿಸಿದೆ. ಅದು ಮೊದಲು ತಲುಪಲಿ, ನೀನು ಒಂದು ಸಲ ಅತ್ತು ಮುಗಿಸಿರು, ಆಮೇಲೆ ಬರೋಣ ಎಂದುಕೊಂಡೆ. ಬಂದಿದ್ದರೆ ೨೦ಕ್ಕೆ ಇಲ್ಲಿರುತ್ತಿದ್ದೆ. ನಿನಗೆ ಇನ್ನೂ ಎಚ್ಚರವಿದ್ದ ದಿನ ಅದು.

೨೮ರಂದು ಅಂಚೆಯವರು ಬಂದು ನಿನ್ನ ಹೆಸರು ಕೂಗಿದರು. ಲಕೋಟೆಯಲ್ಲಿ ನನ್ನದೇ ಅಕ್ಷರ. ಕೈ ಚಾಚಿ ಈಸಿಕೊಂಡೆ. ಒಡೆದಿಲ್ಲ, ನಿನ್ನ ಫೋನಿನ ಪಕ್ಕದಲ್ಲಿ ಇಟ್ಟಿದ್ದೇನೆ.

ಗಡಿಯಾರದವರು ನನ್ನ ತೋಳು ನೋಡಿ ಸ್ಟೂಲು ಎಳೆದುಕೊಂಡು ಕೂತರು. ಆಮೇಲೆ ಹೇಳಿದರು: "ಕೇಳಮ್ಮ ತಮ್ಮನ್ನ, ಅಂತ ನಾನು ಬಾಯಿ ನೋಯೋವರೆಗೂ ಹೇಳಿದೆ. 'ಅವನು ಪೂರ್ತಿ ಇದ್ರೆ ಮಾತ್ರ ಅವನಿಗೆ ಕೆಲಸ, ಈಗ ಮನೆ ಕಟ್ಟಿಕೊಳ್ಳೋ ಹೊತ್ತು, ನಾನು ಹೇಗೆ ಕೇಳ್ಲಿ' ಅಂದ್ರು. ನಿನ್ನ ಕೈ ಹೋದದ್ದು ಗೊತ್ತಿದ್ರೆ ಕೇಳ್ತಿದ್ರು ಕಣಪ್ಪ. ಖಂಡಿತ ಕೇಳ್ತಿದ್ರು." ನನ್ನದು ನಿನಗೆ ಹೊಂದುತ್ತಿತ್ತೋ ಇಲ್ಲವೋ, ಅದೂ ಗೊತ್ತಿಲ್ಲ. ನೋಡುವ ಮಟ್ಟಕ್ಕೇ ನಾವು ಹೋಗಲಿಲ್ಲ. ನೀನು ನನ್ನ ಕೆಲಸ ಉಳಿಸಲು ನೋಡಿದೆ, ಅದು ಕೈಯ ಜೊತೆ ಆಗಲೇ ಹೋಗಿತ್ತು.

ನಿನ್ನ ಫೋನನ್ನು ಚಾರ್ಜಿಗೆ ಹಾಕಿ, ಕಾರ್ಡ್ ಸಿಕ್ಕಿಸಿ ತೆರೆದೆ. ದುಪ್ಪಟಿ ಅಲ್ಲೇ ಇದ್ದಾನೆ, ಅರ್ಧ ಗೋಪುರದಲ್ಲಿ, ಹೆಗಲ ಮೇಲೆ ಅಜ್ಜಿ. ಗಡಿಯಾರದವರು "ನಾನು ಹಿಡ್ಕೊಳ್ಲಾ?" ಎಂದು ಕೇಳಿದರು. ಬೇಡ ಎಂದೆ. ಇಷ್ಟು ದಿನ ನೇತಾಡಿದವನು ನೇತಾಡಲಿ. ಬಿಟ್ಟರೆ ತಾನೇ ಬೀಳುವುದು.

ಅಂಗಡಿಯನ್ನು ಏನು ಮಾಡಬೇಕೋ ತಿಳಿಯದೆ ಹತ್ತು ದಿನ ಷಟರ್ ಅರ್ಧಕ್ಕೆ ಎತ್ತಿಕೊಂಡು ಸುಮ್ಮನೆ ಕೂತಿದ್ದೆ. ಇವತ್ತು ಬೆಳಗ್ಗೆ ಬೇಕರಿಯಲ್ಲಿ ಕೆಲಸ ಮಾಡುವ ಹೆಂಗಸೊಬ್ಬರು ಬಗ್ಗಿ ಒಳಗೆ ಬಂದರು. ಏಪ್ರನ್ನಿಗೆ ಇನ್ನೂ ಹಿಟ್ಟು ಮೆತ್ತಿತ್ತು. "ಅಕ್ಕ ಇಲ್ವಾ? ಒಂದು ಕೈ ಮಾಡಿಸ್ಬೇಕಿತ್ತು" ಎಂದರು. ಇಲ್ಲ ಎಂದೆ. ಅವರು ಹೋಗಲಿಲ್ಲ, ಕೀಲಿಯನ್ನು ಮೇಜಿನ ಮೇಲಿಟ್ಟರು. ಬಾಡಿಗೆ ಮನೆಯ ಬೀಗ, ಇರುವುದು ಒಂದೇ ಕೀಲಿ, ಗಂಡ ಪಾಳಿ ಮುಗಿಸಿ ಬಂದರೆ ಹೊರಗೇ ನಿಲ್ಲಬೇಕಂತೆ.

ಅಪ್ಪ ಕಲಿಸಿದ್ದು ನನಗೂ ನೆನಪಿತ್ತು. ಹಳೆಯ ಕೀಲಿಯನ್ನು ಒಂದು ಹಿಡಿಕೆಗೆ ಸಿಕ್ಕಿಸಿದೆ, ತಗಡಿನಂಥ ಹೊಸದನ್ನು ಇನ್ನೊಂದಕ್ಕೆ. ಮಟ್ಟವಾಗಿ ಒಂದು ಕೈಯಲ್ಲಿ ಹಿಡಿಯಬೇಕು, ಇನ್ನೊಂದರಲ್ಲಿ ತಿರುಪು ಬಿಗಿಯಬೇಕು. ಹಿಡಿದರೆ ಬಿಗಿಯಲಾಗದು, ಬಿಗಿಯಲು ಹೋದರೆ ಓರೆಯಾಗುತ್ತದೆ. ಮೂರು ಸಲ ಬಿತ್ತು. ನಾಲ್ಕನೆಯ ಸಲ ನನಗೆ ಬಾಯಿ ಬಂತು. ನಿನಗೆ ಹೇಳಬೇಕಾಗಿದ್ದ ಮಾತು, ನವೆಂಬರಿನಿಂದ ಹೇಳದೆ ನುಂಗಿಕೊಂಡಿದ್ದು, ಮುಖ ಪರಿಚಯವೂ ಇಲ್ಲದ ಅವರಿಗೆ ಹೇಳಿದೆ.

"ನಂಗೆ ಒಂದೇ ಕೈ ಇರೋದು. ಸ್ವಲ್ಪ ಇದನ್ನ ಹಿಡ್ಕೊಳ್ತೀರಾ?"

ಅವರು ಏಪ್ರನ್ನಿಗೆ ಬೆರಳು ಒರೆಸಿಕೊಂಡು, ಮೇಜಿನ ಈಚೆಗೆ ಬಂದು, ನನ್ನ ತಲೆಗೆ ತಲೆ ತಾಗುವಷ್ಟು ಬಗ್ಗಿ ಕೀಲಿಯನ್ನು ಒತ್ತಿ ಹಿಡಿದರು.

"ಹಿಡ್ಕೊಂಡಿದೀನಿ," ಎಂದರು, "ನೀವು ಮಾಡಿ."

ಯಂತ್ರ ಚಾಲೂ ಮಾಡಲು ನನಗೆ ಸ್ವಲ್ಪ ಹೊತ್ತು ಹಿಡಿಯಿತು ಅಕ್ಕಾ. ಅವರು ಬಿಡದೆ ಹಿಡಿದುಕೊಂಡೇ ನಿಂತಿದ್ದರು.

ಮೊದ್ದು